ಹೂವಿನ ವಾರದಲ್ಲಿ ಮದುವೆ

ಫೆಬ್ರವರಿ 6, 2006, ಸೋಮವಾರ

ಈ ಡೈರಿಯನ್ನು ಚಿಕ್ಕಮಗಳೂರಿನ ಗೊಬ್ಬರದಂಗಡಿಯವರು ಹೊಸ ವರ್ಷಕ್ಕೆ ಕೊಟ್ಟಿದ್ದರು. ನಮ್ಮ ಮನೆಯವರು ಅದನ್ನು ಫ್ರಿಜ್ಜಿನ ಮೇಲೆ ಎಸೆದು ಮರೆತಿದ್ದರು. ಇವತ್ತು ನಾನು ಎತ್ತಿಕೊಂಡೆ. ಮದುವೆ ಮನೆಯಲ್ಲಿ ಹುಡುಗಿಯ ತಾಯಿ ಹೆದರಿದ ಮುಖ ತೋರಿಸಬಾರದು. ಹೆದರಿಕೆಯನ್ನೆಲ್ಲ ಇದರಲ್ಲಿ ಬರೆದು ಬೀರುವಿನಲ್ಲಿ ಸೀರೆಗಳ ಅಡಿಗೆ ಹಾಕಿಡುತ್ತೇನೆ.

ಬೆಳಿಗ್ಗೆ ದಾವಣಗೆರೆಯಿಂದ ಬೀಗರ ಫೋನು. ಮಾರ್ಚ್ 12ಕ್ಕೆ ನಿಂತಿರುವ ಮಗಳು ಶಿಲ್ಪಾಳ ಮದುವೆ ಮೂಡಿಗೆರೆಯ ಕಲ್ಯಾಣಮಂಟಪದಲ್ಲಿ ಬೇಡವಂತೆ, ಕೊಟ್ಟಿಗೆಹಾರದ ಹತ್ತಿರದ ನಮ್ಮ ತೋಟದಲ್ಲೇ ಆಗಬೇಕಂತೆ. ಬೀಗರದು ಅಲ್ಲಿ ದೊಡ್ಡ ಬಟ್ಟೆ ಅಂಗಡಿ. ಅವರ ಗಿರಾಕಿಯೊಬ್ಬರು ಮಗನ ಮದುವೆಯನ್ನು ಗೋವಾದ ಸಮುದ್ರದ ದಂಡೆಯಲ್ಲಿ ಮಾಡಿದ್ದಾರೆ. ಅದರ ವಿಡಿಯೋ ನೋಡಿದಾಗಿನಿಂದ ಬೀಗಿತಿ ಪ್ರೇಮಕುಮಾರಿಯವರು ಮಂಟಪ ಎಂದರೆ ಮೂಗು ಮುರಿಯುತ್ತಾರೆ. "ನಮಗೆ ಸಮುದ್ರ ಬ್ಯಾಡ್ರೀ. ನಿಮ್ಮ ಕಾಫಿ ತ್ವಾಟ ಐತಲ್ಲ, ಅದರಾಗೆ ಎರಡು ದಿನ ಇದ್ದು ಮದುವಿ ಮಾಡ್ಕಂಡು ಬರ್ತೀವಿ" ಎಂದರು. ಇವರು ನನ್ನ ಮುಖವನ್ನೂ ನೋಡದೆ "ಆಗಲಿ, ಸಂತೋಷ" ಎಂದುಬಿಟ್ಟರು.

ಫೋನು ಇಟ್ಟ ಮೇಲೆ ನನ್ನ ಕಡೆ ತಿರುಗಿ, "ಖರ್ಚು ನಾನು ನೋಡ್ಕೊಳ್ತೇನೆ ವಿಶಾಲೂ. ಬಂದವರ ಅನುಕೂಲ ನೀನು ನೋಡ್ಕೋ" ಎಂದರು. ದೊಡ್ಡ ಉಪಕಾರ!

ಇನ್ನೂರು ಜನ. ಮನೆಯಲ್ಲಿರುವುದು ಎರಡು ಬಚ್ಚಲು. ಬಯಲುಸೀಮೆಯವರು ನಮ್ಮ ಬೆಳಗಿನ ಚಳಿಗೆ ನಡುಗುತ್ತ, ಬಕೆಟ್ಟು ಹಿಡಿದು ಸಾಲಾಗಿ ನಿಂತಿರುವುದು ಈಗಲೇ ಕಣ್ಣಿಗೆ ಕಟ್ಟುತ್ತಿದೆ. ಹಾಸಿಗೆ ಎಲ್ಲಿಂದ ತರುವುದು? ಇವರನ್ನು ಕೇಳಬೇಕು. ಬಿಸಿನೀರಿಗೆ ಏನು ಮಾಡುವುದು? ಇವರನ್ನು ಕೇಳಬೇಕು. ಘಟ್ಟದ ತಿರುವಿನಲ್ಲಿ ಬಸ್ಸಿನವರೆಲ್ಲ ವಾಂತಿ ಮಾಡಿಕೊಂಡು ಬಂದರೆ ಮೊದಲು ಕಾಫಿ ಕೊಡುವುದೋ ನಿಂಬೆಹಣ್ಣೋ? ಅದನ್ನೂ ಇವರನ್ನೇ ಕೇಳಬೇಕು.

ಫೆಬ್ರವರಿ 14, ಮಂಗಳವಾರ

ಬಾಗಿಲು ಹಾಕಿಕೊಂಡು ಬರೆಯುತ್ತಿದ್ದೇನೆ.

ಬೀಗರು ಹುಡುಗ ಶಶಿಧರನನ್ನು ಕರೆದುಕೊಂಡು ಜಾಗ ನೋಡಲು ಬಂದಿದ್ದರು. ಮನೆಯ ಮುಂದಿನ ಹುಲ್ಲುಹಾಸು, ಅದರ ಅಂಚಿನಲ್ಲಿ ಆಕಾಶಕ್ಕೆ ನಿಂತ ಬೂರುಗದ ಮರ, ಅದರಾಚೆ ಇಳಿಜಾರಿಗೆ ಕಾಫಿ. ಬೀಗಿತಿಯವರು ಸುತ್ತ ನೋಡಿ, "ಈ ಮರದ ಬುಡಕ್ಕೇ ಮಂಟಪ" ಎಂದರು. ಶಿಲ್ಪಾ, "ಕಾಫಿ ಹೂವಾದಾಗ ನೋಡ್ಬೇಕು ಅತ್ತೆ, ಇಡೀ ಗುಡ್ಡ ಬೆಳ್ಳಗಾಗ್ತದೆ" ಎಂದಳು. ಅಷ್ಟು ಸಾಕಾಯಿತು ಇವರಿಗೆ. ಎದೆಯುಬ್ಬಿಸಿ, "ಅದಕ್ಕೇನಂತೆ? ಮದುವೆಗೆ ಎಂಟೊಂಬತ್ತು ದಿನ ಇರುವಾಗ ಸ್ಪ್ರಿಂಕ್ಲರಿನಲ್ಲಿ ನೀರು ಕೊಡ್ತೇನೆ. ಮುಹೂರ್ತಕ್ಕೆ ಸರಿಯಾಗಿ ಹೂ ಬಿಡ್ತದೆ. ನಿಮ್ಮ ಗೋವಾದಲ್ಲಿ ಯಾರಿಗಾಗ್ತದೆ ಇದು?" ಎಂದರು. ಬೀಗರು ಬಸವರಾಜಪ್ಪನವರು ಚಪ್ಪಾಳೆ ತಟ್ಟಿದರು.

ನಾನು ಕೋಸಂಬರಿ ಬಡಿಸುತ್ತಿದ್ದೆ. ಸೌಟು ಹಾಗೇ ನಿಂತಿತು. ಹೂ ಬಂದರೆ ಹೆಜ್ಜೇನು ಬರುತ್ತದೆ. ಪ್ರತಿ ವರ್ಷ ಅದೇ ಬೂರುಗದ ಮರಕ್ಕೇ ಬಂದು ತಟ್ಟೆ ಕಟ್ಟುತ್ತದೆ. ಕಳಸದ ನನ್ನ ತವರಿನಲ್ಲಿ ಹೂವಿನ ವಾರ, ಹೊಗೆಗೆ ಜೇನು ಏಳುತ್ತದೆಂದು, ಯಾರೂ ಮನೆಯ ಹೊರಗೆ ಒಗ್ಗರಣೆ ಕೂಡ ಹಾಕುತ್ತಿರಲಿಲ್ಲ. ಹುಟ್ಟಿದಾಗಿನಿಂದ ಕಾಫಿಯಲ್ಲೇ ಬೆಳೆದ ಇವರಿಗೆ ಇದು ಗೊತ್ತಿಲ್ಲವೇ? ನೆಂಟರ ಮುಂದೆ ಜಂಬ ಕೊಚ್ಚುವಾಗ ಮರೆತೇ ಹೋಯಿತೇ?

ಕಳೆದ ಅಕ್ಟೋಬರಿನಲ್ಲಿ ಮೆಣಸಿನ ಬಳ್ಳಿ ನೋಡಲು ಹೋದಾಗ ಒಂದೇ ಒಂದು ಹೆಜ್ಜೇನು ಇವರ ಕಿವಿಯ ಹಿಂದೆ ಕಚ್ಚಿತ್ತು. ಮನೆ ಸೇರುವಷ್ಟರಲ್ಲಿ ಕಣ್ಣು ಮುಚ್ಚಿಹೋಗಿ, ಗಂಟಲು ಕಟ್ಟಿ, ಉಸಿರಿಗೆ ಒದ್ದಾಡುತ್ತಿದ್ದರು. ಜೀಪಿನಲ್ಲಿ ಮೂಡಿಗೆರೆಗೆ ಹೋಗುವಷ್ಟೂ ದಾರಿ ನನ್ನ ತೊಡೆಯ ಮೇಲೆ ಅವರ ತಲೆ. ಇಂಜೆಕ್ಷನ್ ಬಿದ್ದ ಮೇಲೆ ಉಳಿದರು. ಡಾಕ್ಟರು ನನ್ನನ್ನು ಪಕ್ಕಕ್ಕೆ ಕರೆದು, "ಇವರ ಮೈಗೆ ಜೇನಿನ ವಿಷ ಆಗೋದಿಲ್ಲಮ್ಮ. ಇನ್ನೊಂದು ಸಲ ಕಚ್ಚಿದ್ರೆ ಇಲ್ಲಿಯವರೆಗೆ ತರೋಕೂ ಸಮಯ ಸಿಗಲಿಕ್ಕಿಲ್ಲ" ಎಂದರು.

ಆ ವಾರವೇ ಬೀಗರು ಹುಡುಗಿ ನೋಡಲು ಬರುವವರಿದ್ದರು. "ಅಪ್ಪನಿಗೆ ಹೀಗಂತೆ ಅಂತ ಗೊತ್ತಾದ್ರೆ ಮಗಳಿಗೂ ಇರಬಹುದು ಅಂತಾರೆ" ಎಂದು ಇವರು ತಮ್ಮ ಲಿಂಗದ ಕರಡಿಗೆಯನ್ನು ನನ್ನ ಕೈಯಲ್ಲಿ ಮುಟ್ಟಿಸಿ ಆಣೆ ಹಾಕಿಸಿಕೊಂಡರು. ಯಾರಿಗೂ ಹೇಳಬಾರದು. ಶಿವಮೊಗ್ಗದಲ್ಲಿ ಓದುತ್ತಿದ್ದ ಶಿಲ್ಪಾಳಿಗೂ ಹೇಳಿಲ್ಲ.

ಫೆಬ್ರವರಿ 17, ಶುಕ್ರವಾರ

ಕೇಳಿದೆ. ಸಾಕಾಯಿತು.

"ಹೂ ಬೇಡ, ಮಂಟಪ ಆ ಮರದ ಕೆಳಗಂತೂ ಬೇಡವೇ ಬೇಡ" ಎಂದೆ. "ಮಾತು ಕೊಟ್ಟಾಗಿದೆ" ಎಂದರು. "ಜೇನು ತೆಗೆಸೋಣ" ಎಂದೆ. "ಯಾಕೆ ತೆಗೆಸ್ತಿದ್ದಾರೆ ಅಂತ ನಾಲ್ಕು ಜನ ಕೇಳಿದ್ರೆ ಏನಂತ ಹೇಳ್ತೀಯ? ಚಂದ್ರಶೇಖರ ಒಂದು ಹುಳಕ್ಕೆ ಹೆದರಿ ಕೂತಿದ್ದಾನೆ ಅಂತಲಾ?" ಎಂದು ಎದ್ದು ಹೋದರು.

ಇವರಿಗೆ ಹೆದರಿಕೆ ಎಂಬುದೇ ಇಲ್ಲ. ಹುಟ್ಟುವಾಗಲೇ ದೇವರು ಮರೆತಿರಬೇಕು. ಅವರ ಪಾಲಿನದನ್ನೂ ನನ್ನ ತಲೆಗೇ ಕಟ್ಟಿದ್ದಾನೆ.

ಫೆಬ್ರವರಿ 20, ಸೋಮವಾರ

ಇವರು ವಿಚಿತ್ರವಾಗಿ ಆಡುತ್ತಿದ್ದಾರೆ. ಇವತ್ತು ಮೂಡಿಗೆರೆಯ ಬ್ಯಾಂಕಿಗೆ ಕರೆದುಕೊಂಡು ಹೋಗಿ ಖಾತೆಗೆ ನನ್ನ ಹೆಸರು ಸೇರಿಸಿದರು. "ಮದುವೆ ಖರ್ಚಿಗೆ ಚೆಕ್ಕು ನೀನೇ ಬರಿ" ಎಂದರು. ಖರ್ಚು ನಾನು ನೋಡ್ಕೊಳ್ತೇನೆ ಎಂದವರು ಇವರೇ! ಬರುವಾಗ ಜೀಪು ನಿಲ್ಲಿಸಿ ನಮ್ಮ ಗಡಿ ಕಲ್ಲು ಎಲ್ಲಿದೆ, ಹಳ್ಳದ ನೀರಿನಲ್ಲಿ ನಮ್ಮ ಪಾಲೆಷ್ಟು, ಎಲ್ಲ ತೋರಿಸಿದರು. ನೆಂಟರನ್ನು ಎಲ್ಲಿ ಮಲಗಿಸುವುದೆಂಬ ತಲೆಬಿಸಿಯಲ್ಲಿರುವವಳು ಗಡಿ ಕಲ್ಲು ಕಟ್ಟಿಕೊಂಡು ಏನು ಮಾಡಲಿ?

ಜೀಪಿನ ಗಾಜು ಏರಿಸಿಯೇ ಓಡಿಸುತ್ತಾರೆ. ಈ ಸೆಕೆಯಲ್ಲಿ ತುಂಬು ತೋಳಿನ ಅಂಗಿ, ಕುತ್ತಿಗೆಗೆ ಟವೆಲ್ಲು. ಕೇಳಿದರೆ "ಧೂಳು" ಎನ್ನುತ್ತಾರೆ. ವಯಸ್ಸಾಯಿತು, ಅಷ್ಟೇ.

ಚೆಕ್ಕು ಪುಸ್ತಕ ಕೈಗೆ ಬಂದದ್ದು ಒಂದು ರೀತಿ ಒಳ್ಳೆಯದಾಯಿತು. ನನಗೊಂದು ಉಪಾಯ ಹೊಳೆದಿದೆ.

ಫೆಬ್ರವರಿ 25, ಶನಿವಾರ

ಬೂರುಗದ ಮರದಲ್ಲಿ ಮೊದಲ ತಟ್ಟೆ. ಮೊರದಷ್ಟು ಅಗಲ, ಕಪ್ಪಗೆ ಜೋತಾಡುತ್ತಿದೆ.

ಬಜೆಟ್ ಎಂಬುದು ಎಷ್ಟು ಒಳ್ಳೆಯ ಮಾತು! ನಿಜ ಹೇಳಲಾಗದಿದ್ದಾಗ ಅದನ್ನು ಹೇಳಬಹುದು. ಅಲಂಕಾರದವನು ಆ ಮರಕ್ಕೆ ಬುಡದಿಂದ ತುದಿವರೆಗೆ ಸೀರಿಯಲ್ ಸೆಟ್ ಸುತ್ತುತ್ತೇನೆ ಎಂದ. ಕತ್ತಲಾದ ಮೇಲೆ ದೀಪ ಕಂಡರೆ ಹೆಜ್ಜೇನು ಅದಕ್ಕೇ ನುಗ್ಗುತ್ತದೆ. "ಬಜೆಟ್ಟಿಲ್ಲ" ಎಂದೆ. ದಾವಣಗೆರೆಯ ಬ್ಯಾಂಡ್ ಸೆಟ್? ಬಜೆಟ್ಟಿಲ್ಲ. ಪಟಾಕಿ? ಕೇಳಲೇಬೇಡಿ. ಹುಲ್ಲುಹಾಸಿನ ಮೇಲೆ ಬಿಸಿ ಬಿಸಿ ಜಿಲೇಬಿ ಕರಿಯುವ ಬಾಣಲೆ? ಅಡುಗೆ ಒಲೆಗಳನ್ನೆಲ್ಲ ಹೊಗೆ ಈ ಕಡೆ ಬಾರದ ಹಾಗೆ ಪಂಪ್‌ಹೌಸಿನ ಆಚೆಗೆ ಕಳಿಸಿದೆ. ಉಳಿದ ದುಡ್ಡಿಗೆ ಹೊಸ ಬಚ್ಚಲು, ಹೊಸ ಕಮೋಡು, ನೀರು ಕಾಯಿಸುವ ತಾಮ್ರದ ಹಂಡೆ. ವಯಸ್ಸಾದವರಿಗೆ ಕೊಟ್ಟಿಗೆಹಾರದ ಮೂರು ಹೋಂಸ್ಟೇ ಗೊತ್ತು ಮಾಡಿದೆ. ಹಾಸಿಗೆಯ ಬಾಡಿಗೆಯಲ್ಲಿ ಚೌಕಾಸಿ ಮಾಡಿ ಕಂಬಳಿಯನ್ನು ಹಾಗೇ ಗಿಟ್ಟಿಸಿದೆ.

ಶಿಲ್ಪಾ ಅತ್ತಳು. "ಇರೋ ಒಬ್ಬ ಮಗಳ ಮದುವೆಗೆ ಯಾಕಮ್ಮ ಇಷ್ಟು ಜಿಪುಣತನ? ಅವರ ಮನೇಲಿ ನನ್ನ ಮುಖ ಎಲ್ಲಿಡ್ಲಿ?" ಎಂದಳು. ಜಿಪುಣಿ ಎಂದೇ ಅಂದುಕೊಳ್ಳಲಿ.

ಮಾರ್ಚ್ 2, ಗುರುವಾರ

ನಾಳೆ ಸ್ಪ್ರಿಂಕ್ಲರ್ ಶುರುವಾಗಬೇಕಿತ್ತು. ಪಂಪಿಗೆಂದು ಇಟ್ಟಿದ್ದ ಡೀಸೆಲನ್ನೆಲ್ಲ ಹಾಸಿಗೆ ತರುವ ಲಾರಿಗೆ ಹಾಕಿಸಿಬಿಟ್ಟೆ. ತೋಟದ ಲೆಕ್ಕ ಬರೆಯುವ ರೈಟರ್ ಓಂಕಾರಪ್ಪ, "ಅಮ್ಮಾವ್ರೇ, ಸಾವ್ಕಾರ್ರು ನನ್ನ ಬಿಡ್ತಾರಾ?" ಎಂದು ಕಣ್ಣು ಬಾಯಿ ಬಿಟ್ಟ. "ನಾನು ಹೇಳಿದ್ದು ಅನ್ನಿ" ಎಂದೆ. ನಾಲ್ಕು ದಿನ ತಡವಾದರೂ ಸಾಕು, ಮದುವೆಯ ದಿನ ಹೂವು ಬರೀ ಮೊಗ್ಗಾಗಿರುತ್ತದೆ. ಇವರು ಕೂಗಾಡಿದರು. ಕೂಗಾಡಲಿ.

ಮಾರ್ಚ್ 3, ಶುಕ್ರವಾರ

ಸಂಜೆ ಮಳೆ ಬಂತು. ಒಂದು ಗಂಟೆ ಕಾಲ ಬಿಟ್ಟೂಬಿಡದೆ ಹೊಯ್ಯಿತು.

ಇಡೀ ತಾಲ್ಲೂಕಿಗೆ ಹಬ್ಬ. ಬಾಳೂರಿನಿಂದ, ಕಳಸದಿಂದ, ಬಣಕಲ್ಲಿನಿಂದ ಫೋನು, "ನಿಮ್ಮಲ್ಲಿ ಎಷ್ಟು ಇಂಚು?" ಎಂದು. ಹೂಮಳೆ ಇಷ್ಟು ಮೊದಲೇ ಬಂದದ್ದು ನಮ್ಮ ಹುಡುಗಿಯ ಕಾಲ್ಗುಣವಂತೆ. ಬೀಗಿತಿಯವರು ಫೋನಿನಲ್ಲೇ ದೃಷ್ಟಿ ತೆಗೆದರು. ನಾನು ಬಚ್ಚಲಿಗೆ ಹೋಗಿ, ಹೊಸ ಕಮೋಡಿನ ಮುಚ್ಚಳದ ಮೇಲೆ ಕೂತು ಅತ್ತೆ.

ಇವರು ಜಗುಲಿಯಲ್ಲಿ ನಿಂತು ಮಳೆ ನೋಡುತ್ತಿದ್ದರು. ಕುಣಿಯುತ್ತಾರೆ ಎಂದುಕೊಂಡಿದ್ದೆ. ಊಟವನ್ನು ಅರ್ಧಕ್ಕೇ ಬಿಟ್ಟರು. ಡೀಸೆಲಿನ ಸಿಟ್ಟು ಇನ್ನೂ ಇಳಿದಿಲ್ಲ.

ಮಾರ್ಚ್ 8, ಬುಧವಾರ

ಏಳು ತಟ್ಟೆಗಳು.

ಗೋಡೌನು ಖಾಲಿಯಿದೆ. ಒಣಗಿಸಿದ ಕಾಫಿ ಬೀಜವೆಲ್ಲ ಸಿಪ್ಪೆ ಬಿಡಿಸಲು ಕ್ಯೂರಿಂಗಿಗೆ ಹೋಗಿ ಹದಿನೈದು ದಿನವಾಯಿತು. ದೊಡ್ಡ ಬಾಗಿಲು, ಎತ್ತರದ ಸೂರು, ಸಿಮೆಂಟಿನ ನೆಲ, ಮರದಿಂದ ಸಾಕಷ್ಟು ದೂರ. ಕೆಲಸದ ಹೆಂಗಸರನ್ನು ಕರೆದು ಎರಡು ಸಲ ತೊಳೆಸಿದೆ. "ಶಾಮಿಯಾನ ದುಬಾರಿ, ಮುಹೂರ್ತ ಗೋಡೌನಿನಲ್ಲೇ ಆಗಲಿ" ಎಂದು ಇವರ ಮುಂದೆ ಹೇಳಿದೆ. "ಬೀಗರನ್ನ ಮೂಟೆ ಇಡೋ ಜಾಗದಲ್ಲಿ ಕೂರಿಸ್ತೀಯಾ?" ಎಂದು ಅಬ್ಬರಿಸಿದರು. ಅಬ್ಬರಿಸುವಾಗ ದನಿ ನಡುಗುತ್ತಿತ್ತು. ಅಷ್ಟು ಕೋಪ.

ಆದರೂ ಕಿಟಕಿಗಳಿಗೆ ಸೊಳ್ಳೆ ಪರದೆಯ ಬಟ್ಟೆ ಹೊಡೆಸುತ್ತಿದ್ದೇನೆ. ಬೇಡ ಎಂದವರ ಮಾತು ನನಗೆ ಕೇಳಿಸಲಿಲ್ಲ.

ಮಾರ್ಚ್ 10, ಶುಕ್ರವಾರ

ಬೀಗರು ಒಂದು ದಿನ ಮೊದಲೇ ಬಂದಿಳಿದರು. ಬಿಸಿನೀರು, ಹಾಸಿಗೆ, ಕಡುಬು, ಎಲ್ಲ ಒಪ್ಪಿಗೆಯಾಯಿತು. ಆದರೆ ಮರಕ್ಕೆ ದೀಪವಿಲ್ಲ, ಬ್ಯಾಂಡಿಲ್ಲ, ಹುಲ್ಲುಹಾಸಿನ ಮೇಲೆ ಒಂದು ಗೂಟವನ್ನೂ ನೆಟ್ಟಿಲ್ಲ. ಬೀಗಿತಿ ಎಲ್ಲರ ಎದುರಿಗೇ ಅಂದರು: "ರೊಕ್ಕದ ತ್ರಾಸು ಇದ್ರೆ ಮೊದ್ಲೇ ಹೇಳಬೇಕಿತ್ರೀ. ನಾವೇ ಹಾಕ್ತಿದ್ವಿ."

ಇವರ ಮುಖ ಕಪ್ಪಿಟ್ಟಿತು. ಅಲ್ಲೇ ಓಂಕಾರಪ್ಪನನ್ನು ಕರೆದು, "ನಾಳೆ ಸಂಜೆಯೊಳಗೆ ಮಂಟಪ ಮರದ ಬುಡದಲ್ಲೇ ಏಳಬೇಕು. ದೀಪಾನೂ ತರಿಸು. ಅಮ್ಮಾವ್ರ ಮಾತು ಕೇಳ್ಬೇಡ" ಎಂದರು.

ನಿದ್ದೆ ಬರುತ್ತಿಲ್ಲ. ಪಕ್ಕದಲ್ಲಿ ಇವರು ಗೋಡೆಯ ಕಡೆ ತಿರುಗಿ ಮಲಗಿದ್ದಾರೆ. ಗೊರಕೆ ಇಲ್ಲ.

ಮಾರ್ಚ್ 11, ಶನಿವಾರ

ಬೆಳಿಗ್ಗೆ ಬಾಗಿಲು ತೆಗೆದರೆ ಹೂವು. ಕಣ್ಣು ಹಾಯುವಷ್ಟೂ ಬಿಳಿ. ಪರಿಮಳಕ್ಕೆ ತಲೆ ತಿರುಗುತ್ತದೆ. ಮತ್ತೆ ಆ ಸದ್ದು, ದೂರದಲ್ಲಿ ಲಾರಿ ನಿಂತಲ್ಲೇ ಇಂಜಿನ್ನು ಓಡಿಸುತ್ತಿರುವ ಹಾಗೆ. ಬೂರುಗದ ಮರದ ಕೆಳಗೆ ಆಳುಗಳು ಗುಂಡಿ ತೋಡುತ್ತಿದ್ದರು.

ಇವರು ಮುಂಬಾಗಿಲ ಜಾಲರಿಯ ಹಿಂದೆ ಕಾಫಿ ಲೋಟ ಹಿಡಿದು ನಿಂತಿದ್ದರು. ಆಳುಗಳಿಗೆ ಏನೋ ಹೇಳಬೇಕಿತ್ತು, ಜಾಲರಿಯ ಮೇಲೆ ಕೈಯಿಟ್ಟರು, ತೆಗೆಯಲಿಲ್ಲ. ಮತ್ತೆ ಕೈಯಿಟ್ಟರು. ಲೋಟದ ಕಾಫಿ ಅಂಗಿಯ ಮೇಲೆ ಚೆಲ್ಲಿತು. ಅದನ್ನು ನೋಡಿದೆ. ಆಮೇಲೆ ನೇರ ಬೀಗಿತಿಯ ಕೋಣೆಗೆ ಹೋಗಿ ಬಾಗಿಲು ಹಾಕಿದೆ.

ಎಲ್ಲ ಹೇಳಿದೆ. ಅಕ್ಟೋಬರು, ಡಾಕ್ಟರು, ಆಣೆ, ಬಜೆಟ್ಟಿನ ಸುಳ್ಳು. ಪ್ರೇಮಕುಮಾರಿಯವರು ಕೈಯಲ್ಲಿದ್ದ ಸೀರೆಯನ್ನು ಕೆಳಗಿಟ್ಟರು.

"ಹುಡುಗಿಗೂ ಅದೈತೇನ್ರೀ?"

ನಾವು ಹೆದರಿದ ಪ್ರಶ್ನೆಯೇ ಮೊದಲು ಬಂತು. "ಚಿಕ್ಕೋಳಿದ್ದಾಗ ಒಂದೆರಡು ಸಲ ಕಚ್ಚಿದೆ. ಊದಿಕೊಂಡು ಇಳೀತು, ಅಷ್ಟೇ. ಮುಂದಿಂದು ನಂಗೆ ಗೊತ್ತಿಲ್ಲ" ಎಂದೆ.

"ಇದನ್ನ ಮಾತುಕತಿ ಆದಾಗ್ಲೇ ಹೇಳಬೇಕಿತ್ತು."

"ಹೌದು" ಎಂದೆ.

ಅವರು ಎದ್ದು ಗಂಡನನ್ನು ಹುಡುಕಿಕೊಂಡು ಹೋದರು. ನಾನು ಅವರ ಮಂಚದ ತುದಿಯಲ್ಲೇ ಕೂತೆ. ಗಂಡನನ್ನು ಉಳಿಸಲು ಹೋಗಿ ಮಗಳ ಮದುವೆ ಮುರಿದೆ ಎಂದುಕೊಂಡೆ. ಪಕ್ಕದ ಕೋಣೆಯಲ್ಲಿ ಶಿಲ್ಪಾ ಗೆಳತಿಯರ ಜೊತೆ ನಗುತ್ತ ಮದರಂಗಿ ಹಾಕಿಸಿಕೊಳ್ಳುತ್ತಿದ್ದಳು. ಆ ನಗು ಕೇಳಲಾಗದೆ ಕಿವಿ ಮುಚ್ಚಿಕೊಂಡೆ.

ಎಷ್ಟು ಹೊತ್ತಾಯಿತೋ. ಅಂಗಳದಿಂದ ಬೀಗಿತಿಯ ಗಂಟಲು ಕೇಳಿಸಿತು, ಇಡೀ ತೋಟಕ್ಕೆ ಕೇಳಿಸುವಷ್ಟು ಜೋರಾಗಿ. ಎದ್ದು ಅಂಗಳಕ್ಕೆ ಓಡಿದೆ.

"ಅಯ್ಯಯ್ಯಪ್ಪಾ, ಮ್ಯಾಲೆ ನೋಡ್ರೀ! ಜೇನು! ನನಗೆ ಜೇನು ಕಂಡ್ರೆ ಜೀವ ಹೋಕ್ಕತಿ. ಈ ಮರದ ಬುಡಕ್ಕ ನಾ ಒಲ್ಲೆ ಅಂದ್ರ ಒಲ್ಲೆ. ಮಂಟಪ ಕಿತ್ತು ಆ ಗೋಡೌನಿನಾಗೆ ಹಾಕ್ರಿ. ಇಲ್ಲಾಂದ್ರ ನಾ ಅಕ್ಕಿಕಾಳಿಗೇ ನಿಲ್ಲಂಗಿಲ್ಲ!"

ಬಸವರಾಜಪ್ಪನವರು ಕೈಮುಗಿದು, "ಬೀಗರೇ, ಇವಳದು ಸಣ್ಣಕ್ಕಿದ್ದಾಗಿಂದ ಇದೇ ರಗಳೆ. ಒಂಚೂರು ಸುಧಾರಿಸ್ಕಳ್ರಿ" ಎಂದರು.

ಇವರು ಜಾಲರಿಯ ಹಿಂದಿನಿಂದಲೇ, "ಬೀಗ್ತಿಯವ್ರಿಗೆ ಹೆದರಿಕೆ ಅಂದ್ಮೇಲೆ ಮುಗೀತು. ಅತಿಥಿಗಳ ಅನುಕೂಲವೇ ಮುಖ್ಯ. ಓಂಕಾರಪ್ಪ, ಎಲ್ಲ ಗೋಡೌನಿಗೆ ಸಾಗಿಸು!" ಎಂದರು. ಎಷ್ಟು ಬೇಗ ಹೇಳಿದರು! ಪ್ರೇಮಕುಮಾರಿಯವರು ನನ್ನ ಪಕ್ಕದಲ್ಲೇ ಹಾದುಹೋದರು. ಮುಖ ನೋಡಲಿಲ್ಲ, ಸೆರಗಿನೊಳಗೆ ನನ್ನ ಬೆರಳುಗಳನ್ನು ಒಮ್ಮೆ ಹಿಂಡಿ ಹೋದರು.

ಮಾರ್ಚ್ 12, ಭಾನುವಾರ

ಎಡಗೈಯಲ್ಲಿ ಬರೆಯುತ್ತಿದ್ದೇನೆ. ಮದುವೆ ಆಯಿತು. ಗೋಡೌನು ಚೆನ್ನಾಗಿತ್ತು. ಅಯ್ನೋರು ಮಂತ್ರ ಹೇಳುವಾಗ ಒಂದು ಹೆಜ್ಜೇನು ಹೇಗೋ ಒಳಗೆ ಬಂತು. ಟ್ಯೂಬ್‌ಲೈಟು ಸುತ್ತಿ ಇವರ ಪೇಟದ ಮೇಲೆ ಕೂತಿತು. ಕಿವಿಯ ಕಡೆಗೆ ಇಳಿಯುತ್ತಿತ್ತು. ಕೂಗಿದರೆ ಇವರು ತಲೆ ಅಲ್ಲಾಡಿಸುತ್ತಾರೆ. ಪೇಟ ಸರಿಮಾಡುವವಳ ಹಾಗೆ ಮುಷ್ಟಿಯಲ್ಲಿ ಹಿಡಿದೆ. ವಧೂವರರ ಮೇಲೆ ಅಕ್ಕಿಕಾಳು ಬಿದ್ದು ಮುಗಿಯುವವರೆಗೂ ಬಿಡಲಿಲ್ಲ. ಯಾರಿಗೂ ಗೊತ್ತಾಗಲಿಲ್ಲ. ಊಟ ಸಾಕಷ್ಟು ಉಳಿದಿದೆ, ನಾಳೆ ಕೆಲಸದವರ ಮನೆಗಳಿಗೆ ಹಂಚಬೇಕು.

ಮಾರ್ಚ್ 14, ಮಂಗಳವಾರ

ಎಲ್ಲರೂ ಹೋದರು. ಶಿಲ್ಪಾ ಹೋಗುವಾಗ ನನ್ನನ್ನು ಬಿಡಲೊಲ್ಲದೆ ಅತ್ತಳು. "ಎಲ್ಲ ಎಷ್ಟು ಚೆನ್ನಾಗಿ ನಡೆಸಿದ್ಯಮ್ಮಾ" ಎಂದಳು. ನಾನೇನು ನಡೆಸಿದೆ? ಹೆದರಿಕೊಂಡು ಓಡಾಡಿದೆ, ಅಷ್ಟೇ. ಹೂವು ಕಂದು ಬಣ್ಣಕ್ಕೆ ತಿರುಗಿದೆ.

ಮಧ್ಯಾಹ್ನ ಇವರು, "ಆ ಹೆಂಗಸಿನ ಪುಕ್ಕಲುತನ ನೋಡು ಮಾರಾಯ್ತಿ" ಎಂದು ನಗಲು ಶುರುಮಾಡಿದರು. ನಾನು ಕಾಫಿ ಕೊಟ್ಟೆ. ಎಡಗೈಯಲ್ಲಿ ಕೊಟ್ಟದ್ದು ನೋಡಿ, "ಆ ಕೈಗೇನಾಯ್ತು?" ಎಂದರು. ಸೆರಗಿನಲ್ಲಿ ಮುಚ್ಚಿಕೊಂಡೆ. ಎಳೆದು ಬಿಡಿಸಿದರು. ಅಂಗೈ ಬದನೆಕಾಯಿಯಂತೆ ಊದಿತ್ತು, ನಡುವೆ ಮುಳ್ಳಿನ ಕಪ್ಪು ಚುಕ್ಕೆ.

"ಎಲ್ಲಿ ಕಚ್ತು?"

"ಗೋಡೌನಲ್ಲಿ. ನಿಮ್ಮ ಪೇಟದ ಮೇಲಿತ್ತು."

ನಗು ನಿಂತಿತು. ಅಂಗೈಯನ್ನು ಬೆಳಕಿಗೆ ತಿರುಗಿಸಿ ನೋಡಿದರು.

"ಬೀಗ್ತಿಗೆ ಹೇಳಿದ್ದು ನೀನೇ ಅಲ್ವಾ?"

"ಹೌದು."

"ಕರಡಿಗೆ ಮುಟ್ಟಿ ಆಣೆ ಮಾಡಿದ್ದೆ."

"ಮಾಡಿದ್ದೆ. ಮುರಿದೆ."

ಬೈಗುಳ ಬರುತ್ತದೆ ಎಂದು ಕಾದೆ. ಇವರು ತಲೆ ತಗ್ಗಿಸಿದರು. "ಒಳ್ಳೇದು ಮಾಡ್ದೆ" ಎಂದರು. "ಮಳೆ ಬಂದ ದಿನದಿಂದ ನಂಗೊಂದು ತುತ್ತು ಸರಿಯಾಗಿ ಇಳಿದಿಲ್ಲ ವಿಶಾಲೂ. ಆ ಮರದ ಕೆಳಗೆ ನಿಂತವನು ಎದ್ದು ಬರಲ್ಲ ಅಂತಲೇ ಅಂದ್ಕೊಂಡಿದ್ದೆ."

"ಹಾಗಾದ್ರೆ ಬೇಡ ಅನ್ನೋಕೆ ಏನಾಗಿತ್ತು ನಿಮಗೆ?"

"ಎಲ್ಲರೂ ಹೂವು ಹೂವು ಅಂತ ಕುಣೀತಿದ್ರು. ನಂಗೆ ಹೆದರಿಕೆ ಅಂತ ಹ್ಯಾಗೆ ಹೇಳೋದು?"

ಮೂವತ್ತು ವರ್ಷ ಸಂಸಾರ ಮಾಡಿದ್ದೇನೆ, ಆ ಮಾತನ್ನು ಇವರ ಬಾಯಲ್ಲಿ ಕೇಳಿರಲಿಲ್ಲ. ನನಗೆ ಅಳು ಬಂತು, ಸಿಟ್ಟೂ ಬಂತು.

"ನಾಳೆ ತೋಟಕ್ಕೆ ಹೋಗ್ಬೇಕು" ಎಂದರು. "ನೀನೂ ಬಾ. ಒಬ್ಬನಿಗೇ ಆಗಲ್ಲ."

ಬರುತ್ತೇನೆ ಎಂದೆ. ಇವರು ನನ್ನ ಕೈಯನ್ನು ಎರಡೂ ಕೈಗಳಲ್ಲಿ ಹಿಡಿದುಕೊಂಡೇ ಕೂತಿದ್ದರು. ಊದಿದ ಕೈ, ಜೀವ ಹೋಗುವಷ್ಟು ನೋಯುತ್ತಿತ್ತು. ಬಿಡಿ ಅನ್ನಲಿಲ್ಲ.